ಮನಶ್ಶಾಸ್ತ್ರವನ್ನೋದಿದ ಮಕ್ಕಳು ರಂಗವನ್ನೇರಹೊರಟಾಗ

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ ತಾಲೂಕುಗಳ ತಂದೆತಾಯಂದಿರಿಗೆ ಒಂದು ಬಹಿರಂಗ ಪತ್ರ

ಪೂಜ್ಯರಾದ ಹಿರಿಯರೆ, ತಾಯಂದಿರೆ,

ಎರೆಹೊಲದ ಹತ್ತಿ ಕೈಕೊಟ್ಟ ವರ್ಷದಲ್ಲಿಯೂ ಹಾಸ್ಟೆಲಿನ ಹಣವನ್ನು ತಪ್ಪಿಸದೆ ಕಳುಹಿಸಿ, ಮಗಳನ್ನೋ ಮಗನನ್ನೋ ಧಾರವಾಡದಲ್ಲಿಟ್ಟು ಮನಶ್ಶಾಸ್ತ್ರದ ಎಂ.ಎ. ಪದವಿಯವರೆಗೆ ಓದಿಸಿ, ಇನ್ನೇನು ಒಂದು ಆಸ್ಪತ್ರೆಯಲ್ಲಿಯೋ ಶಾಲೆಯಲ್ಲಿಯೋ ಆಪ್ತಸಮಾಲೋಚಕರ ಕುರ್ಚಿಯಲ್ಲಿ ಆ ಮಗು ಕುಳಿತೀತೆಂದು ನೀವು ನಿರೀಕ್ಷಿಸುತ್ತಿರುವ ಹೊತ್ತಿನಲ್ಲಿ, ರಾತ್ರಿಯ ಊಟ ಮುಗಿದ ಮೇಲೆ ಪಡಸಾಲೆಯಲ್ಲಿ ಕುಳಿತು ಆ ಮಗುವೇ ‘ನಾ ಇದನ್ನ ಬಿಟ್ಟು ನಾಟಕಕ್ಕ ಹೋಗತೀನಿ’ ಎಂದು ನುಡಿದರೆ, ಎದೆ ಝಲ್ಲೆನ್ನದ ತಂದೆತಾಯಿಗಳು ಈ ಭೂಮಿಯ ಮೇಲೆ ವಿರಳವೆಂದೇ ಹೇಳಬೇಕು. ಈಚಿನ ವರ್ಷಗಳಲ್ಲಿ ನಿಮ್ಮಲ್ಲಿ ಕೆಲವರು ನನ್ನ ಮನೆಯವರೆಗೆ ಬಂದು, ನಾನು ಈ ಸೀಮೆಯಲ್ಲಿ ಬಹುಕಾಲ ಮನಶ್ಶಾಸ್ತ್ರವನ್ನು ಬೋಧಿಸಿದವನೆಂಬ ವಿಶ್ವಾಸದಿಂದ, ‘ಸರ, ನೀವಾದರೂ ಒಂದೀಟು ಬುದ್ಧಿ ಹೇಳ್ರಿ’ ಎಂದು ಕೇಳಿದ್ದುಂಟು. ಮಕ್ಕಳನ್ನು ಕರೆದು ಮಾತಾಡಿದ್ದೇನೆ. ಅವರು ಹೇಳಿದುದನ್ನು ಕೇಳಿದ್ದೇನೆ. ಕೇಳಿದ ಬಳಿಕ ಬುದ್ಧಿಮಾತು ಬೇಕಾದುದು ಅವರಿಗಿಂತಲೂ ನಮಗೆ, ಅಂದರೆ ಹಿರಿಯರಾದ ನಮಗೆ, ಎಂದು ತೋರಿದ ಕಾರಣದಿಂದ ಈ ಪತ್ರವನ್ನು ಬರೆಯುತ್ತಿದ್ದೇನೆ. ಇದು ಒಂದು ಮನೆಯ ಸಂಗತಿಯಾಗಿದ್ದರೆ ಮುಚ್ಚಿದ ಲಕೋಟೆಯಲ್ಲಿಟ್ಟು ಕಳುಹಿಸುತ್ತಿದ್ದೆ. ಅನೇಕ ಮನೆಗಳದಾದುದರಿಂದ ಬಹಿರಂಗವಾಗಿಯೇ ಇರಲಿ.

ನಾನು ನಿವೇದಿಸಬೇಕಾದುದು ಇಷ್ಟೆ: ಮನಶ್ಶಾಸ್ತ್ರದಿಂದ ಅಭಿನಯಕ್ಕೆ ಹೋಗುವ ಮಗು ತಾನು ಓದಿದುದನ್ನು ಗಾಳಿಗೆ ತೂರಿ ಹೋಗುವುದಿಲ್ಲ, ಆದರೆ ಓದಿದುದೆಲ್ಲವನ್ನೂ ಹಾಗೆಯೇ ಹೊತ್ತುಕೊಂಡು ಹೋಗುವುದಕ್ಕೂ ಬರುವುದಿಲ್ಲ. ಆ ವಿದ್ಯೆಯಲ್ಲಿ ಒಂದು ಭಾಗ ರಂಗಕ್ಕೆ ಅಮೂಲ್ಯವಾದುದು, ಒಂದು ಭಾಗ ರಂಗಕ್ಕೆ ವಿಘ್ನವಾಗತಕ್ಕದ್ದು, ಮತ್ತೊಂದು ಭಾಗವನ್ನಂತೂ ರಂಗದ ಮೆಟ್ಟಿಲಿಗೆ ತರುವುದೇ ಅಧರ್ಮ. ಈ ಮೂರನ್ನೂ ವಿಂಗಡಿಸಿ ತಿಳಿದ ತಂದೆತಾಯಿಗಳು ಮಗುವಿನೊಡನೆ ಆಡುವ ಮಾತು, ‘ಮಂದಿ ಏನಂದಾರು’ ಎಂಬ ಒಂದೇ ಪ್ರಶ್ನೆಯನ್ನು ಹಿಡಿದು ಆಡುವ ಮಾತಿಗಿಂತ ಮಗುವಿಗೆ ಹೆಚ್ಚು ಉಪಯುಕ್ತವಾದೀತು.

‘ಮಂದಿ ಏನಂದಾರು’ ಎಂಬ ಪ್ರಶ್ನೆಯನ್ನು ನಾನು ಲಘುವಾಗಿ ಕಾಣುವವನಲ್ಲ. ವಿಶೇಷತಃ ಹೆಣ್ಣುಮಕ್ಕಳ ವಿಷಯದಲ್ಲಿ ಈ ಭಯಕ್ಕೆ ಈ ನೆಲದಲ್ಲಿ ಆಳವಾದ ಬೇರುಗಳಿವೆ. ಸವದತ್ತಿಯ ಗುಡ್ಡದಲ್ಲಿ ‘ಉಧೋ ಉಧೋ’ ಎಂಬ ಘೋಷ ಮೊಳಗುತ್ತಿದ್ದಂತೆಯೇ, ಬಹುಕಾಲದಿಂದ ಯಲ್ಲಮ್ಮದೇವಿಯ ಹೆಸರಿನಲ್ಲಿ ಎಳೆಯ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟಿ, ಅವರ ಹಾಡನ್ನೂ ಕುಣಿತವನ್ನೂ ದೇವರಿಗೆಂದು ಹೇಳಿ, ಅವರ ದೇಹವನ್ನು ಉಳ್ಳವರ ಪಾಲಿಗೆ ಒಪ್ಪಿಸಿದ ಅನ್ಯಾಯವೂ ನಡೆದುಬಂದಿತು. ಅದನ್ನು ತಡೆಯಲು ಕರ್ನಾಟಕದಲ್ಲಿ 1982ರಲ್ಲಿ ಕಾಯಿದೆಯೊಂದು ಬರಬೇಕಾಯಿತು; ಕಾಯಿದೆ ಬಂದ ಮರುದಿನವೇ ಅನ್ಯಾಯ ನಿಲ್ಲಲಿಲ್ಲವೆಂಬುದನ್ನು ನೀವೂ ಬಲ್ಲಿರಿ. ನಾಲ್ಕು ಜನರ ಮುಂದೆ ನಿಂತು ಹಾಡಿದ ಹೆಣ್ಣನ್ನು ನಮ್ಮ ಸಮಾಜ ಹೇಗೆ ಕಂಡಿತೆಂಬುದನ್ನು ಕಣ್ಣಾರೆ ನೋಡಿ ಬೆಳೆದ ಅಜ್ಜಿಯೊಬ್ಬಳು, ತನ್ನ ಮೊಮ್ಮಗಳು ರಂಗವನ್ನೇರುವೆನೆಂದಾಗ ನಡುಗಿದರೆ, ಆ ನಡುಕ ಅಜ್ಞಾನದಿಂದ ಹುಟ್ಟಿದುದಲ್ಲ, ಅನುಭವದಿಂದ ಹುಟ್ಟಿದುದು. ಆದುದರಿಂದ ನಿಮ್ಮ ಮಕ್ಕಳಿಗೆ ನಾನು ಮೊದಲು ಹೇಳಿದ ಮಾತೆಂದರೆ, ಅಜ್ಜಿಯ ಭಯವನ್ನು ಹಳೆಯ ಕಾಲದ್ದೆಂದು ತಳ್ಳಬೇಡಿ, ಅದರ ಕಥೆಯನ್ನು ಕುಳಿತು ಕೇಳಿ ಎಂಬುದು. ನಿಮಗೆ ಹೇಳತಕ್ಕುದೇನೆಂದರೆ, ಅಪರಾಧವಿದ್ದುದು ಆ ಹೆಣ್ಣುಮಕ್ಕಳ ಕಲೆಯಲ್ಲಿ ಅಲ್ಲ, ಅವರನ್ನು ಕೊಂಡುಕೊಂಡವರಲ್ಲಿ. ದಂಡನೆಯನ್ನು ಕಲೆಗೆ ವಿಧಿಸಿ ಕೊಂಡವರನ್ನು ಮರೆತುಬಿಟ್ಟರೆ ಅನ್ಯಾಯ ಇಮ್ಮಡಿಯಾಗುತ್ತದೆ.

ಅದೇ ಸವದತ್ತಿ ತಾಲೂಕು ಕನ್ನಡ ವೃತ್ತಿರಂಗಭೂಮಿಗೆ ಏಣಗಿ ಬಾಳಪ್ಪನವರನ್ನು ಕೊಟ್ಟಿತೆಂಬುದನ್ನು ನಿಮಗೆ ನೆನಪಿಸುವ ಅಗತ್ಯವಿಲ್ಲ. 1914ರಲ್ಲಿ ಏಣಗಿಯಲ್ಲಿ ಹುಟ್ಟಿ, ಬಾಲ್ಯದಲ್ಲಿಯೇ ಬಣ್ಣ ಹಚ್ಚಿ, ಹುಡುಗನಾಗಿದ್ದಾಗ ಸ್ತ್ರೀಪಾತ್ರಗಳಲ್ಲಿ ಹೆಸರು ಗಳಿಸಿ, ಮುಂದೆ ಕಲಾವೈಭವ ನಾಟ್ಯ ಸಂಘವೆಂಬ ಸ್ವಂತ ಕಂಪನಿಯನ್ನು ಕಟ್ಟಿ ಊರೂರು ತಿರುಗಿ, ನೂರಮೂರು ವರ್ಷಗಳ ತುಂಬು ಬಾಳನ್ನು ಬಾಳಿ 2017ರ ಆಗಸ್ಟಿನಲ್ಲಿ ತೀರಿಕೊಂಡ ಆ ಮಹನೀಯರು ‘ಜಗಜ್ಯೋತಿ ಬಸವೇಶ್ವರ’ ನಾಟಕದಲ್ಲಿ ಬಸವಣ್ಣನಾಗಿ ರಂಗಕ್ಕೆ ಬಂದಾಗ, ಪ್ರೇಕ್ಷಕರು ನಟನನ್ನು ಮರೆತು ಪಾತ್ರಕ್ಕೆ ಕೈಮುಗಿದ ಸಂಗತಿಯನ್ನು ಈ ಭಾಗದ ಹಿರಿಯರು ಇಂದಿಗೂ ಹೇಳುತ್ತಾರೆ. ಸವದತ್ತಿಯಿಂದ ಆಚೆಗೆ, ರಾಮದುರ್ಗಕ್ಕೆ ನೆರೆಯಾದ ಗೋಕಾಕದ ಸೀಮೆಯಲ್ಲಿ, ‘ಶ್ರೀಕೃಷ್ಣ ಪಾರಿಜಾತ’ದ ಕಲಾವಿದೆಯೆಂದು ಹೆಸರಾದ ಕೌಜಲಗಿ ನಿಂಗಮ್ಮನವರನ್ನು ಮರೆಯಲಾದೀತೆ? ಸತ್ಯಭಾಮೆಯ ಅಸೂಯೆ, ಸೆಡವು, ಮತ್ತೆ ಕರಗುವಿಕೆ, ಇವುಗಳನ್ನು ಇರುಳಿಡೀ ನೋಡಿ ನಕ್ಕು ಅತ್ತು ಬೆಳಗಿನ ಜಾವದಲ್ಲಿ ಹೊಲಕ್ಕೆ ಹೋದ ಜನ ನಾವು. ಮಾನವಹೃದಯದ ಇಷ್ಟು ಸೂಕ್ಷ್ಮಗಳನ್ನು ಬಯಲಾಟದ ಅಟ್ಟದ ಮೇಲೆ ಕಂಡ ಜನ, ಹೃದಯವನ್ನು ಅಭ್ಯಾಸ ಮಾಡಿದ ಮಗುವೊಂದು ಅದೇ ಅಟ್ಟವನ್ನು ಹತ್ತಹೊರಟಾಗ ಅದನ್ನು ಪತನವೆಂದು ಭಾವಿಸಬೇಕಾದ ಕಾರಣ ನನಗೆ ಕಾಣದು.

ಇನ್ನು, ಈ ಎರಡು ವಿದ್ಯೆಗಳು ಒಂದನ್ನೊಂದು ಅರಿಯದ ಪರಕೀಯರೆಂದು ನೀವು ತಿಳಿದಿದ್ದರೆ, ನಮ್ಮ ನಾಡಿನ ಚರಿತ್ರೆಯನ್ನೇ ಸ್ವಲ್ಪ ನೋಡಬಹುದು. ಲಂಡನ್ನಿನಲ್ಲಿ ಶಿಕ್ಷಣ ಪಡೆದು ಬಂದು ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ 1924ರಲ್ಲಿ ಮನಶ್ಶಾಸ್ತ್ರದ ವಿಭಾಗಕ್ಕೆ ಅಡಿಪಾಯ ಹಾಕಿದ ಪ್ರೊಫೆಸರ್ ಎಂ.ವಿ. ಗೋಪಾಲಸ್ವಾಮಿಯವರೇ 1935ರಲ್ಲಿ ತಮ್ಮ ಮನೆಯಿಂದ ಬಾನುಲಿಯ ಪ್ರಸಾರವನ್ನು ಆರಂಭಿಸಿ, ಮನುಷ್ಯನ ಮನಸ್ಸನ್ನು ಅಳೆಯುವ ವಿದ್ಯೆಯಿಂದ ಮನುಷ್ಯನ ಕಂಠವನ್ನು ಮನೆಮನೆಗೆ ಮುಟ್ಟಿಸುವ ಕಲೆಯತ್ತ ಕೈಚಾಚಿದರು. ಅದೇ ಕಾಲೇಜಿನಲ್ಲಿ ಮನಶ್ಶಾಸ್ತ್ರವನ್ನು ಓದಿದ ತ್ರಿವೇಣಿಯವರು, 1963ರಲ್ಲಿ ಅಕಾಲದಲ್ಲಿ ತೀರಿಕೊಳ್ಳುವ ಮುನ್ನ, ಚಿತ್ತವಿಕಾರಕ್ಕೆ ತುತ್ತಾದ ಹೆಣ್ಣಿನ ಬವಣೆಯನ್ನು ಕಾದಂಬರಿಗಳಲ್ಲಿ ಚಿತ್ರಿಸಿದರು. ಅವರ ‘ಶರಪಂಜರ’ವನ್ನು 1971ರಲ್ಲಿ ಪುಟ್ಟಣ್ಣ ಕಣಗಾಲರು ತೆರೆಗೆ ತಂದಾಗ ಕಲ್ಪನಾ ಅವರು ಕಾವೇರಿಯಾಗಿ ಮಾಡಿದ ಅಭಿನಯವನ್ನು ಕಂಡ ಬಳಿಕ, ಹುಚ್ಚಾಸ್ಪತ್ರೆಯಿಂದ ಗುಣವಾಗಿ ಬಂದ ಸೊಸೆಯನ್ನು ಮನೆಯವರೇ ಮತ್ತೆ ಹುಚ್ಚಿಯನ್ನಾಗಿ ಮಾಡುವ ಬಗೆ ಎಂಥದೆಂಬುದು, ಪಠ್ಯಪುಸ್ತಕವನ್ನೆಂದೂ ತೆರೆಯದ ಲಕ್ಷಾಂತರ ಕನ್ನಡಿಗರಿಗೆ ಗೋಚರವಾಯಿತು. ಶಿವಮೊಗ್ಗೆಯ ಮನೋವೈದ್ಯ ಡಾ. ಅಶೋಕ ಪೈಯವರು ತಮ್ಮ ವೃತ್ತಿಯ ಅರಿವಿನಿಂದ ಹುಟ್ಟಿದ ಕಥೆಯನ್ನು ಕೊಡಲು, ಧಾರವಾಡದ ಸುರೇಶ ಹೆಬ್ಳೀಕರರು 1988ರಲ್ಲಿ ‘ಕಾಡಿನ ಬೆಂಕಿ’ ಚಲನಚಿತ್ರವನ್ನು ನಿರ್ದೇಶಿಸಿದರು.

ಇವರೆಲ್ಲ ಬರೆದವರು, ಕಟ್ಟಿದವರು. ಸ್ವತಃ ಬಣ್ಣ ಹಚ್ಚಿದವರು ಯಾರೆಂದು ನೀವು ಕೇಳುವಿರಿ. ನಮಗೆ ನೆರೆಯದಾದ ಮರಾಠಿ ರಂಗಭೂಮಿಯಲ್ಲಿ ಇದಕ್ಕೆ ಉಜ್ಜ್ವಲವಾದ ಉತ್ತರವುಂಟು. ಡಾ. ಮೋಹನ ಆಗಾಶೆಯವರು ಪುಣೆಯ ಬಿ.ಜೆ. ವೈದ್ಯಕೀಯ ಕಾಲೇಜಿನಲ್ಲಿ ಮನೋವೈದ್ಯಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು; 1972ರಲ್ಲಿ ಮೊದಲ ಪ್ರಯೋಗ ಕಂಡ ವಿಜಯ ತೆಂಡೂಲಕರರ ‘ಘಾಶಿರಾಮ ಕೋತ್ವಾಲ’ದಲ್ಲಿ ನಾನಾ ಫಡಣವೀಸನಾಗಿ ಪ್ರಖ್ಯಾತರಾದವರು. ಒಂದನ್ನು ತೊರೆದು ಮತ್ತೊಂದನ್ನು ಹಿಡಿಯದೆ, ಹಗಲು ರೋಗಿಗಳ ಮುಂದೆ, ಇರುಳು ಪ್ರೇಕ್ಷಕರ ಮುಂದೆ ಬಾಳಿದರು. ಅವರದೇ ಕಾಲದ ಡಾ. ಶ್ರೀರಾಮ ಲಾಗೂ ಅವರು ಕಿವಿ, ಮೂಗು, ಗಂಟಲಿನ ಶಸ್ತ್ರವೈದ್ಯರಾಗಿದ್ದು, ನಲವತ್ತರ ಗಡಿಯನ್ನು ದಾಟಿದ ಮೇಲೆ, 1969ರಲ್ಲಿ, ವೈದ್ಯವೃತ್ತಿಯನ್ನು ಬಿಟ್ಟು ಪೂರ್ಣಾವಧಿಯ ನಟರಾದರು. ಎರಡು ದಾರಿಗಳೂ ಗೌರವಯುತವಾದುವೇ. ಯಾವುದು ಯಾರಿಗೆ ಒಗ್ಗುವುದೆಂಬುದನ್ನು ಹೊರಗಿನವರು ನಿರ್ಣಯಿಸಲಾರರು.

ಆಗಾಶೆಯವರ ಪ್ರಸ್ತಾಪ ಬಂದುದರಿಂದ, ನಮಗೆ ಆಪ್ತವಾಗತಕ್ಕ ಇನ್ನೊಂದು ಸಂಗತಿಯನ್ನು ಹೇಳಿ ಮುಂದುವರಿಯುತ್ತೇನೆ. ‘ಅಸ್ತು’ ಎಂಬ ಮರಾಠಿ ಚಲನಚಿತ್ರದಲ್ಲಿ ಅವರು ಮರೆವಿನ ರೋಗಕ್ಕೆ ಸಿಕ್ಕಿ ತನ್ನ ಹೆಸರನ್ನೇ ಮರೆತ ವೃದ್ಧ ಸಂಸ್ಕೃತ ವಿದ್ವಾಂಸನ ಪಾತ್ರವನ್ನು ಮಾಡಿದ್ದಾರೆ. ನಗರದಲ್ಲಿ ಆನೆಯೊಂದರ ಹಿಂದೆ ಮಗುವಿನಂತೆ ನಡೆದುಹೋದ ಆ ವೃದ್ಧನಿಗೆ ಆಶ್ರಯ ಕೊಟ್ಟು, ತಾಯಿಯಾಗಿ ಸಲಹುವವಳು ಮಾವುತನ ಹೆಂಡತಿ, ಕನ್ನಡ ಮಾತಾಡುವ ಬಡ ಹೆಣ್ಣುಮಗಳು. ಅವಳ ಹೆಸರು ಚನ್ನಮ್ಮ. ಆ ಪಾತ್ರಕ್ಕಾಗಿ ಅಮೃತಾ ಸುಭಾಷರಿಗೆ ರಾಷ್ಟ್ರಪ್ರಶಸ್ತಿ ಬಂದಿತು. ಕುದುರೆಯೇರಿ ಕತ್ತಿ ಹಿಡಿದ ಚನ್ನಮ್ಮನನ್ನು ಕಿತ್ತೂರಿನ ನಾವು ಬಲ್ಲೆವು, ಅವಳ ಸಮಾಧಿಯ ಮುಂದೆ ಬೈಲಹೊಂಗಲದಲ್ಲಿ ತಲೆಬಾಗುತ್ತೇವೆ; ಅದೇ ಹೆಸರಿನ ಸಾಮಾನ್ಯ ಹೆಣ್ಣೊಬ್ಬಳು ರೋಗದ ಹೆಸರನ್ನೂ ಅರಿಯದೆ ರೋಗಿಯನ್ನು ಅರಿತ ಬಗೆಯನ್ನು, ಮನೋವೈದ್ಯರೊಬ್ಬರು ರೋಗಿಯಾಗಿ ನಟಿಸಿದ ಚಿತ್ರದಲ್ಲಿ ಕಾಣುವುದು ನನಗಂತೂ ಬಹಳ ದೊಡ್ಡ ಮಾತಾಗಿ ತೋರಿತು.

ಹಾಗಾದರೆ ಮನಶ್ಶಾಸ್ತ್ರ ನಟನಿಗೆ ಏನನ್ನು ಕೊಡುತ್ತದೆ? ಭಾವವು ಮೊದಲು ಹುಟ್ಟಿ ದೇಹವು ಅದನ್ನು ಹಿಂಬಾಲಿಸುತ್ತದೆಂದು ಸಾಮಾನ್ಯರೆಲ್ಲರೂ ನಂಬುವ ಕ್ರಮವನ್ನು 1884ರಲ್ಲಿ ಅಮೆರಿಕೆಯ ಮನಶ್ಶಾಸ್ತ್ರಜ್ಞ ವಿಲಿಯಂ ಜೇಮ್ಸನು ತಿರುವುಮುರುವು ಮಾಡಿ, ದೇಹದ ವಿಕಾರಗಳ ಅನುಭವವೇ ಭಾವವೆಂದು ವಾದಿಸಿದನು. ಸುಮಾರು ನೂರು ವರ್ಷಗಳ ಬಳಿಕ, 1983ರಲ್ಲಿ, ಪಾಲ್ ಎಕ್‌ಮನ್ ಮತ್ತು ಅವನ ಸಂಗಡಿಗರು ನಟರನ್ನೇ ಪ್ರಯೋಗಾಲಯಕ್ಕೆ ಕರೆಸಿ, ಕೋಪವೆಂದಾಗಲಿ ಭಯವೆಂದಾಗಲಿ ಹೆಸರು ಹೇಳದೆ, ಹುಬ್ಬನ್ನು ಇಳಿಸಿ, ತುಟಿಗಳನ್ನು ಬಿಗಿಯಿರಿ ಎಂಬಂತೆ ಮುಖದ ಸ್ನಾಯುಗಳನ್ನು ಒಂದೊಂದಾಗಿ ಚಲಿಸಲು ಹೇಳಿ, ಹಾಗೆ ಚಲಿಸಿದ ಮಾತ್ರಕ್ಕೇ ಹೃದಯದ ಬಡಿತವೂ ಬೆರಳಿನ ಶಾಖವೂ ಭಾವಭಾವಕ್ಕೆ ಬೇರೆಯಾಗುವುದನ್ನು ದಾಖಲಿಸಿದರು. ಸ್ತಂಭ, ಸ್ವೇದ, ರೋಮಾಂಚ, ಸ್ವರಭೇದ, ವೇಪಥು, ವೈವರ್ಣ್ಯ, ಅಶ್ರು, ಪ್ರಲಯವೆಂದು ಎಂಟು ಸಾತ್ತ್ವಿಕ ಭಾವಗಳನ್ನೂ ಮೂವತ್ತಮೂರು ವ್ಯಭಿಚಾರಿಭಾವಗಳನ್ನೂ ಎಣಿಸಿಟ್ಟ ನಾಟ್ಯಶಾಸ್ತ್ರದ ನಾಡಿನವರಿಗೆ ಇದು ತೀರ ಅಪರಿಚಿತವಾಗಿ ಕಾಣಲಾರದು. ರಷ್ಯದ ರಂಗನಿರ್ದೇಶಕ ಸ್ಟಾನಿಸ್ಲಾವ್‌ಸ್ಕಿಯೂ ಭಾವಸ್ಮೃತಿಯೆಂಬ ಪರಿಕಲ್ಪನೆಯನ್ನು ರಿಬೋ ಎಂಬ ಫ್ರೆಂಚ್ ಮನಶ್ಶಾಸ್ತ್ರಜ್ಞನಿಂದ ಪಡೆದು, ನಟನು ತನ್ನ ಗತಾನುಭವವನ್ನು ಎಬ್ಬಿಸಿ ಪಾತ್ರಕ್ಕೆ ಎರೆಯಬೇಕೆಂದು ಮೊದಲು ಬೋಧಿಸಿದನಾದರೂ, ಬಾಳಿನ ಕೊನೆಯ ವರ್ಷಗಳಲ್ಲಿ ಅದಕ್ಕಿಂತ ದೈಹಿಕ ಕ್ರಿಯೆಯನ್ನೇ ಹೆಚ್ಚು ನೆಚ್ಚಿದನು.

ಇದೆಲ್ಲವೂ ಪುಸ್ತಕದ ಮಾತಾಯಿತು. ಬೈಲಹೊಂಗಲದ ಸಮೀಪದ ಊರೊಂದರಲ್ಲಿ ನಾನೇ ಕುಳಿತು ನೋಡಿದ ಒಂದು ತಾಲೀಮಿನ ಸಂಗತಿಯನ್ನು ಹೇಳಿದರೆ ನಿಮಗೆ ಹೆಚ್ಚು ಸ್ಪಷ್ಟವಾದೀತು. ನಾಟಕ ‘ಸಂಗ್ಯಾ ಬಾಳ್ಯಾ’. ಇದೇ ಬೈಲಹೊಂಗಲ ಸೀಮೆಯಲ್ಲಿ ನಡೆದ ಕೊಲೆಯ ಕಥೆಯೆಂದು ಜನ ನಂಬಿ, ಸಣ್ಣಾಟವಾಗಿ ಆಡುತ್ತ ಬಂದುದು, ಚಂದ್ರಶೇಖರ ಕಂಬಾರರು ಸಂಪಾದಿಸಿ ಪ್ರಕಟಿಸಿದ ಮೇಲೆ ನಾಡಿಗೆಲ್ಲ ಪರಿಚಿತವಾದುದು. ಈರಣ್ಣನ ಹೆಂಡತಿ ಗಂಗಿಯಲ್ಲಿ ಸಂಗ್ಯಾನಿಗೆ ಹುಟ್ಟಿದ ಮೋಹ, ಅವನ ಜೀವದ ಗೆಳೆಯನಾದ ಬಾಳ್ಯಾ ಕೊನೆಗೆ ಗೆಳೆಯನಿಗೇ ಬಗೆದ ದ್ರೋಹ, ಇವೇ ಅದರ ಜೀವಾಳ. ಬಾಳ್ಯಾನ ಪಾತ್ರ ಮನಶ್ಶಾಸ್ತ್ರದ ಎಂ.ಎ. ಮುಗಿಸಿದ ಒಬ್ಬ ಹುಡುಗನದು. ಅವನು ಪಾತ್ರದ ಮನಸ್ಸನ್ನು ಬಹಳ ಚೆನ್ನಾಗಿ ವಿವರಿಸಿದ: ಸ್ನೇಹದ ಕೆಳಗೆ ಹುದುಗಿದ ಮತ್ಸರ, ಸಂಗ್ಯಾನ ಮೆರೆತವನ್ನು ನೋಡಿ ನೋಡಿ ಕುಗ್ಗಿದ ಆತ್ಮಗೌರವ, ಅಪರಾಧಪ್ರಜ್ಞೆಯ ದಮನ. ಕೇಳುತ್ತ ನಾನು, ಅಧ್ಯಾಪಕನಾದುದರಿಂದ, ಬಹಳ ಸಂತೋಷಪಟ್ಟೆ. ಮುಂದೆ ಎದ್ದು ನಿಂತು ಮಾತು ಒಪ್ಪಿಸಿದಾಗ ಮಾತ್ರ, ಆ ವಿವರಣೆಯ ಲವಲೇಶವೂ ಅವನ ಮೈಯಲ್ಲಿ ಇರಲಿಲ್ಲ. ಕೈಗಳು ತೊಡೆಯ ಪಕ್ಕದಲ್ಲಿ ಸುಮ್ಮನೆ ತೂಗುತ್ತಿದ್ದುವು.

ಕಟ್ಟೆಯ ಮೇಲೆ ತಾಳ ಹಿಡಿದು ಕುಳಿತಿದ್ದ ಹಿಮ್ಮೇಳದ ಮುದುಕರು, ಎಲೆಯಡಿಕೆಯನ್ನು ಉಗಿದು ಬಂದು, ‘ತಮ್ಮಾ, ನೀ ಹೇಳಿದ್ದೆಲ್ಲಾ ಖರೆನ ಇರಬೇಕು. ಆದರ ಗೆಳ್ಯಾನ್ನ ಹಿಡದು ಕೊಡಾಂವ, ಆ ಮಾತು ಬಾಯಾಗಿಂದ ಬರೂ ಮುಂದ, ಕೈ ಎಲ್ಲಿ ಇಟ್ಟಿರತಾನ? ಅದನ್ನ ಹೇಳು’ ಎಂದರು. ಹುಡುಗ ನಿರುತ್ತರನಾದ. ಬಹಳ ಹೊತ್ತು ನಿಂತು, ಹೆಗಲ ಮೇಲಿನ ವಲ್ಲಿಯ ತುದಿಯನ್ನು ಬೆರಳಿಗೆ ಸುತ್ತಿ ಬಿಗಿದುಕೊಂಡು ಅದೇ ಮಾತನ್ನು ಮತ್ತೆ ಆಡಿದ. ಬೆರಳು ಬಿಗಿದಂತೆ ದನಿ ತಾನಾಗಿ ತಗ್ಗಿತು. ಮುದುಕರು ‘ಹಾಂ’ ಎಂದರು. ಆಮೇಲೆ ಅವರೇ, ದ್ರೋಹಿಯಾದವನು ಗೆಳೆಯನ ಕಣ್ಣು ತಪ್ಪಿಸಿ ನೆಲ ನೋಡಬೇಕೆಂದು ತೋರಿಸಿಕೊಟ್ಟಾಗ, ಹುಡುಗ ಸಂಕೋಚದಿಂದಲೇ ಬೇರೊಂದು ಮಾತನ್ನು ಹೇಳಿದ. ಸುಳ್ಳಾಡುವವನು ಕಣ್ಣು ತಪ್ಪಿಸುತ್ತಾನೆಂಬ ನಂಬಿಕೆ ಲೋಕದಲ್ಲೆಲ್ಲ ಇದ್ದರೂ ಸಂಶೋಧನೆಗಳು ಅದನ್ನು ಸಮರ್ಥಿಸಿಲ್ಲ. ನಂಬಿಸಬೇಕೆಂದು ಹೊರಟವನು ಕಣ್ಣಲ್ಲಿ ಕಣ್ಣಿಟ್ಟು ನೋಡುವುದೂ ಉಂಟು. ಆದುದರಿಂದ ಬಾಳ್ಯಾ ಸಂಗ್ಯಾನನ್ನು ನೇರವಾಗಿ, ಪ್ರೀತಿಯಿಂದಲೆಂಬಂತೆ ನೋಡಿದರೆ ಹೇಗೆ? ನೋಡಿ ತೋರಿಸಿದ. ಸಂಗ್ಯಾನಾಗಿ ಎದುರು ನಿಂತಿದ್ದ ಹುಡುಗ ತನ್ನ ಮಾತನ್ನೇ ಮರೆತ. ಮುದುಕರು ತಾಳವನ್ನು ಕೆಳಗಿಟ್ಟು, ‘ಇಂವ ಬಾಳ್ಯಾ ಅದಾನ’ ಎಂದರು.

ಹಿರಿಯರೆ, ನಿಮ್ಮ ಮಗುವಿನ ಎರಡು ವಿದ್ಯೆಗಳ ಸಂಬಂಧ ಆ ಸಂಜೆ ನನಗೆ ಕಂಡಷ್ಟು ನಿಚ್ಚಳವಾಗಿ ಯಾವ ಗ್ರಂಥದಲ್ಲಿಯೂ ಕಂಡಿರಲಿಲ್ಲ. ಕಾರಣಗಳನ್ನು ಹುಡುಕಿ ಹೆಸರಿಡುವ ಅಭ್ಯಾಸ ರಂಗದ ಮೇಲೆ ಕಾಲಿಗೆ ತೊಡರುತ್ತದೆ. ಚಿಕಿತ್ಸಕನು ಹೊರಗೆ ನಿಂತು ನೋಡುವವನು, ನಟನು ಒಳಗೆ ಹೊಕ್ಕು ಬಾಳುವವನು, ಬಾಳುತ್ತಿರುವವನಿಗೆ ತನ್ನ ನಡತೆಯ ಕಾರಣ ತಿಳಿದಿರುವುದು ಅಪರೂಪ. ಆದರೆ ಮನುಷ್ಯರನ್ನು ಪೂರ್ವಗ್ರಹವಿಲ್ಲದೆ ದೀರ್ಘಕಾಲ ನೋಡಿ, ಅವರ ಮಾತನ್ನು ಅಡ್ಡ ಬಾರದೆ ಕೇಳಿ ಪಡೆದ ಅರಿವು ಉಂಟಲ್ಲ, ಕಂಪನಿಯಿಂದ ಕಂಪನಿಗೆ ಸವೆದುಬಂದ ಹಳೆಯ ಮುದ್ರೆಗಳನ್ನು ತಿದ್ದುವ ಶಕ್ತಿ ಅದಕ್ಕಿದೆ. ಆ ಹುಡುಗ ಹೊಸಬನಾಗಿ, ಶಿಷ್ಯನಾಗಿ ನಿಂತುದರಿಂದಲೇ ಅವನ ಹಳೆಯ ವಿದ್ಯೆಗೆ ಅಲ್ಲಿ ಬೆಲೆ ಬಂದಿತು. ಎಂ.ಎ. ಆದವನೆಂಬ ಹಮ್ಮಿನಿಂದ ಮುದುಕರ ಪ್ರಶ್ನೆಯನ್ನು ಅವನು ತಳ್ಳಿಬಿಟ್ಟಿದ್ದರೆ ವಲ್ಲಿಯ ತುದಿಯೂ ಸಿಕ್ಕುತ್ತಿರಲಿಲ್ಲ, ಆ ನೋಟವೂ ಸಿಕ್ಕುತ್ತಿರಲಿಲ್ಲ.

ಈಗ ಅಧರ್ಮವೆಂದು ಮೊದಲೇ ಹೇಳಿದ ಭಾಗಕ್ಕೆ ಬರುತ್ತೇನೆ. ಪತ್ರದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವಾದುದು ಇದೇ. 1845ರಲ್ಲಿ ಆರಂಭವಾಗಿ ಇಂದು ಧಾರವಾಡದ ಮಾನಸಿಕ ಆರೋಗ್ಯ ಮತ್ತು ನರವಿಜ್ಞಾನ ಸಂಸ್ಥೆಯಾಗಿ ಬೆಳೆದಿರುವ ಆಸ್ಪತ್ರೆಗೆ ನಮ್ಮ ನಾಲ್ಕೂ ತಾಲೂಕುಗಳಿಂದ ಜನ ಹೋಗುತ್ತಾರೆ. ಅಂಥ ಆಸ್ಪತ್ರೆಗಳಲ್ಲಿ ಅಭ್ಯಾಸಕ್ಕೆಂದು ಕುಳಿತ ವಿದ್ಯಾರ್ಥಿಯ ಮುಂದೆ, ಗಂಡನ ಮುಂದೆ ಆಡದ, ತಾಯಿಯ ಮುಂದೆ ಆಡದ ಮಾತನ್ನು ಒಬ್ಬ ಹೆಣ್ಣುಮಗಳು ಆಡಿರುತ್ತಾಳೆ. ಆ ಅಳುವಿನ ಲಯ, ಮಾತಿನ ನಡುವೆ ಸೆರಗನ್ನು ಹಲ್ಲಿನಲ್ಲಿ ಕಚ್ಚಿ ಹಿಡಿಯುವ ರೀತಿ, ನಟನೆಯ ಕಣ್ಣಿನಿಂದ ನೋಡಿದವನಿಗೆ ಹೊನ್ನಿನಂತೆ ಹೊಳೆಯಬಹುದು. ಅದನ್ನು ಮುಟ್ಟತಕ್ಕದ್ದಲ್ಲ. ರೋಗಿಯ ಗೋಪ್ಯತೆಯನ್ನು 2017ರ ಮಾನಸಿಕ ಆರೋಗ್ಯ ಕಾಯಿದೆಯು ಅವಳ ಹಕ್ಕೆಂದು ಹೇಳಿದೆ. ಕಾಯಿದೆಯಿಲ್ಲದಿದ್ದರೂ ಕೊಟ್ಟ ಮಾತು ಮಾತೇ. ಮಹಾನಗರದಲ್ಲಿ ಹೆಸರು ಬದಲಿಸಿದರೆ ಗುರುತು ಅಳಿದೀತು. ನಮ್ಮಲ್ಲಿ ಅಳಿಯದು. ರಾಮದುರ್ಗದ ನೇಕಾರ ಓಣಿಯ ಹೆಣ್ಣೊಬ್ಬಳ ದುಃಖವನ್ನು ಊರು, ಹೆಸರು, ಜಾತಿಯನ್ನೆಲ್ಲ ಬದಲಿಸಿ ರಾಮದುರ್ಗದಲ್ಲಿಯೇ ಆಡಿ ತೋರಿಸಿದರೂ, ಮೂರನೆಯ ಸಾಲಿನಲ್ಲಿ ಕುಳಿತ ನೆರೆಮನೆಯಾಕೆ ನಡಿಗೆಯಿಂದ, ಕೆಮ್ಮಿನಿಂದ, ಬಳೆ ಹಿಂದೆ ಸರಿಸುವ ಒಂದು ಚಾಳಿಯಿಂದ ಅವಳನ್ನು ಗುರುತಿಸಿಬಿಡುತ್ತಾಳೆ. ಆಮೇಲೆ ಆ ಓಣಿಯಿಂದ ಆಸ್ಪತ್ರೆಯ ಮೆಟ್ಟಿಲನ್ನು ಇನ್ನಾರು ಹತ್ತಿಯಾರು? ಆದುದರಿಂದ ನಿಮ್ಮ ಮಗುವಿನಿಂದ ಒಂದು ವಚನವನ್ನು ಪಡೆಯಲೇಬೇಕೆಂದಿದ್ದರೆ, ‘ಮದುವೆಯಾಗುತ್ತೇನೆ’ ಎಂಬ ವಚನವನ್ನಾಗಲಿ ‘ಎರಡು ವರ್ಷದಲ್ಲಿ ಮರಳಿ ಬರುತ್ತೇನೆ’ ಎಂಬ ವಚನವನ್ನಾಗಲಿ ಪಡೆಯದೆ, ಚಿಕಿತ್ಸೆಯ ಕೋಣೆಯಲ್ಲಿ ಕೇಳಿದುದನ್ನು ರಂಗಕ್ಕೆ ತರಲಾರೆನೆಂಬ ವಚನವನ್ನು ಪಡೆಯಿರಿ. ಸಂತೆ, ಬಸ್‌ನಿಲ್ದಾಣ, ಜಾತ್ರೆ, ಕೋರ್ಟಿನ ಅಂಗಳ ಎಲ್ಲರಿಗೂ ತೆರೆದಿವೆ; ನಟನಿಗೆ ನೋಡಿ ಕಲಿಯಲು ಅವು ಧಾರಾಳವಾಗಿ ಸಾಕು.

ಇದರ ಜೊತೆಗೆ ಇನ್ನೊಂದು ಎಚ್ಚರಿಕೆ. ಪಾತ್ರಕ್ಕಾಗಿ ತನ್ನದೇ ಹಳೆಯ ಗಾಯವನ್ನು ದಿನದಿನವೂ ಕೆದಕಿಕೊಳ್ಳುವ ಅಭ್ಯಾಸ ಕೆಲವು ತರುಣರಲ್ಲಿ ಬೇಗ ಬೆಳೆಯುತ್ತದೆ, ಬೆಳೆದರೆ ನಿದ್ದೆಯನ್ನೂ ನೆಮ್ಮದಿಯನ್ನೂ ತಿನ್ನುತ್ತದೆ. ಮನಶ್ಶಾಸ್ತ್ರವನ್ನು ಓದಿದ ಮಗುವಿಗೆ ಎಲ್ಲಿ ನಿಲ್ಲಬೇಕೆಂಬುದು ಇತರರಿಗಿಂತ ಹೆಚ್ಚು ತಿಳಿದಿರಬೇಕು. ತಿಳಿದೂ ನಿಲ್ಲದಿದ್ದರೆ, ಮನೆಯಲ್ಲಿರುವ ನೀವು ಅದನ್ನು ಗಮನಿಸಿ, ಜಗಳವಾಡದೆ ಕೇಳುವುದು ಉಚಿತ.

ಹಣದ ಮಾತನ್ನು ನೀವು ಎತ್ತಿಯೇ ಎತ್ತುವಿರಿ, ಎತ್ತತಕ್ಕದ್ದೂ ಹೌದು. ಮೊದಲು ತಿಳಿಯಬೇಕಾದುದೇನೆಂದರೆ, ಬರಿಯ ಎಂ.ಎ. ಪದವಿಯಿಂದ ಯಾರೂ ಚಿಕಿತ್ಸಾ ಮನಶ್ಶಾಸ್ತ್ರಜ್ಞರಾಗುವುದಿಲ್ಲ. ಅದಕ್ಕೆ ಬೆಂಗಳೂರಿನ ನಿಮ್ಹಾನ್ಸಿನಂಥ ಸಂಸ್ಥೆಯಲ್ಲಿ ಮತ್ತೂ ಮುಂದಿನ ತರಬೇತಿ, ಭಾರತೀಯ ಪುನರ್ವಸತಿ ಪರಿಷತ್ತಿನಲ್ಲಿ ನೋಂದಣಿ, ಇಷ್ಟೂ ಬೇಕು, ಪ್ರವೇಶವೋ ಬಹಳ ಬಿಗಿ. ಅಂದರೆ ನಿಮ್ಮ ಮಗು ಬಿಟ್ಟುಹೋಗುತ್ತಿರುವ ಕುರ್ಚಿ, ನೀವು ಭಾವಿಸಿದಂತೆ, ಸಿದ್ಧವಾಗಿ ಕಾದಿರುವುದಲ್ಲ. ಅತ್ತ ಅಭಿನಯವೂ ಬಣ್ಣ ಹಚ್ಚಿದ ಮಾತ್ರಕ್ಕೆ ಬರುವುದಲ್ಲ. 1949ರಲ್ಲಿ ಸ್ಥಾಪಿತವಾದ ಹೆಗ್ಗೋಡಿನ ನೀನಾಸಮ್, ಕೆ.ವಿ. ಸುಬ್ಬಣ್ಣನವರ ನೇತೃತ್ವದಲ್ಲಿ 1980ರಲ್ಲಿ ಆರಂಭಿಸಿದ ರಂಗಶಿಕ್ಷಣ ಕೇಂದ್ರದಲ್ಲಿ ಒಂದು ವರ್ಷದ ಶಿಕ್ಷಣ ದೊರೆಯುತ್ತದೆ. ದಿಲ್ಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಮೂರು ವರ್ಷದ್ದು. ನಮಗೆ ಸಮೀಪದಲ್ಲಿ ಧಾರವಾಡದ ರಂಗಾಯಣವಿದೆ. ಬದಾಮಿಯ ಬನಶಂಕರಿ ಜಾತ್ರೆಯಲ್ಲಿ ಇಂದಿಗೂ ಹಲವು ವೃತ್ತಿಕಂಪನಿಗಳು ಅಕ್ಕಪಕ್ಕದಲ್ಲಿ ಡೇರೆ ಹಾಕುತ್ತವೆ. ರಾಮದುರ್ಗದಿಂದ ಅದು ದೂರವೇನಲ್ಲ, ಮಗುವನ್ನು ಕರೆದುಕೊಂಡು ಹೋಗಿ ನೀವೂ ನೋಡಬಹುದು, ನಾಟಕ ಮುಗಿದ ಮೇಲೆ ಕಲಾವಿದರನ್ನು ಕಂಡು ಅವರ ಊಟ, ವಸತಿ, ಸಂಬಳ, ಮಕ್ಕಳ ಶಾಲೆಯ ಸ್ಥಿತಿ ಏನೆಂದು ಬಾಯಿಬಿಟ್ಟು ಕೇಳಬಹುದು. ಆ ಉತ್ತರಗಳು ಎಲ್ಲವೂ ಸುಖಕರವಾಗಿ ಇರಲಾರವು. ಅವನ್ನು ಕೇಳಿಯೂ ಮಗುವಿನ ಮನಸ್ಸು ಅಲ್ಲಿಯೇ ನಿಂತರೆ, ಆ ನಿಲುವಿಗೆ ಬೆಲೆಯುಂಟು. ಪದವಿಯ ಪ್ರಮಾಣಪತ್ರಗಳನ್ನು ಜೋಪಾನವಾಗಿ ಇಡಿಸಿರಿ. ಶಾಲೆಗಳಲ್ಲಿ, ಆಸ್ಪತ್ರೆಗಳಲ್ಲಿ, ಅಂಗವಿಕಲ ಮಕ್ಕಳ ನಡುವೆ ನಾಟಕದ ಮೂಲಕ ಕೆಲಸ ಮಾಡುವವರಿಗೆ ಎರಡೂ ವಿದ್ಯೆಗಳು ಒಟ್ಟಿಗೆ ಬೇಕಾಗುತ್ತವೆ, ಮತ್ತು ಅಂಥವರು ನಮ್ಮ ಭಾಗದಲ್ಲಿ ಬಹಳ ಕಡಿಮೆ.

ಹೆಣ್ಣುಮಗಳಾಗಿದ್ದರೆ ಸಂಸ್ಥೆಯ ವಸತಿಗೃಹದ ವ್ಯವಸ್ಥೆ, ರಾತ್ರಿ ಪ್ರಯಾಣದಲ್ಲಿ ಜೊತೆಗಿರುವವರಾರು, ದೂರು ಕೊಡಬೇಕಾದರೆ ಯಾರಲ್ಲಿಗೆ ಹೋಗಬೇಕು, ಇವನ್ನು ನೀವೇ ಹೋಗಿ ವಿಚಾರಿಸಿರಿ. ಇದರಲ್ಲಿ ನಾಚಿಕೆಪಡುವುದು ಏನೂ ಇಲ್ಲ. ಹೀಗೆ ಕೇಳುವ ತಂದೆತಾಯಿಗಳು ಹೆಚ್ಚಿದಷ್ಟೂ ಸಂಸ್ಥೆಗಳು ನೆಟ್ಟಗಾಗುತ್ತವೆ, ಅಜ್ಜಿಯ ನಡುಕಕ್ಕೂ ಅದೇ ಸರಿಯಾದ ಉತ್ತರವಾಗುತ್ತದೆ.

ಕಡೆಯದಾಗಿ ಒಂದು ಬಿನ್ನಹ. ಹೆಗ್ಗೋಡಿಗಾಗಲಿ ದಿಲ್ಲಿಗಾಗಲಿ ಮಗುವನ್ನು ಕಳುಹಿಸುವ ಮುನ್ನ, ನಿಮ್ಮ ಊರಿನಲ್ಲಿಯೋ ನೆರೆಯ ಊರಿನಲ್ಲಿಯೋ ‘ಸಂಗ್ಯಾ ಬಾಳ್ಯಾ’ದ, ‘ಪಾರಿಜಾತ’ದ ಮಟ್ಟುಗಳನ್ನು ಬಲ್ಲ ಹಿರಿಯರು ಇನ್ನೂ ಇದ್ದರೆ, ಆ ಮಗುವನ್ನು ಅವರಲ್ಲಿಗೆ ನೀವೇ ಕರೆದೊಯ್ದು, ಎಲೆಯಡಿಕೆಯಿಟ್ಟು ನಮಸ್ಕರಿಸಿ, ಸುಗ್ಗಿ ಮುಗಿದ ಬಿಡುವಿನಲ್ಲಿ ಒಂದಿಷ್ಟು ಸಂಜೆಗಳನ್ನು ಕಲಿಸಿಕೊಡಿರೆಂದು ಕೇಳಿರಿ. ಅವರಲ್ಲಿ ಅನೇಕರಿಗೆ ವಯಸ್ಸಾಗಿದೆ, ಕೇಳುವವರಿಲ್ಲದೆ ಪದಗಳು ಮರೆಯುತ್ತಿವೆ. ಹಾಡನ್ನು ಬರೆದಿಟ್ಟುಕೊಳ್ಳಬಹುದು, ಕೈ ಎಲ್ಲಿಡಬೇಕೆಂಬುದನ್ನು ಎದುರು ನಿಂತೇ ಕಲಿಯಬೇಕು. ಈ ವರ್ಷದ ಸುಗ್ಗಿಯಲ್ಲಿಯೇ ಅದು ಆರಂಭವಾಗುವುದಾದರೆ, ನಡೆಯುವ ಶಕ್ತಿ ಇರುವವರೆಗೆ ನಾನೂ ಬಂದು ಹಿಂದಿನ ಸಾಲಿನಲ್ಲಿ ಕುಳಿತಿರುತ್ತೇನೆ.

ಇತಿ ತಮ್ಮ ವಿಶ್ವಾಸಿ,
ನಿಮ್ಮ ಸೀಮೆಯ ಒಬ್ಬ ನಿವೃತ್ತ ಅಧ್ಯಾಪಕ